ಕೆನ್ನಾಯಿಗಳ ಚಿತ್ರ ಮಾಡಬೇಕು, ಎಲ್ಲಿಂದ ಶುರು ಮಾಡಲಿ?

ಮೈಸೂರ್‌ಮಳೆ:
ವನ್ಯಜೀವಿ ಛಾಯಾಗ್ರಾಹಕ ಜೋಡಿ ಕೃಪಾಕರ-ಸೇನಾನಿ ಅವರ ಕೆನ್ನಾಯಿ (ಗುಂಪಾಗಿ ಬೇಟೆಯಾಡುವ ಕೆಂಪು ಕಾಡುನಾಯಿ) ಸಾಕ್ಷ್ಯಚಿತ್ರ ನೋಡಿದಾಗಿನಿಂದ ಬೇರೆ ಏನೂ ತಲೆಗೆ ಹೋಗುತ್ತಿಲ್ಲ. ಬಂಡೀಪುರದ ಸಫಾರಿಯಲ್ಲಿ ಎಲ್ಲರಿಗೂ ಹುಲಿಯೇ ಬೇಕು. ನನಗೆ ಕೆನ್ನಾಯಿ ಬೇಕು, ಆದರೆ ಕಂಡ ಅರ್ಧ ನಿಮಿಷದಲ್ಲಿ ಲಂಟಾನ ಪೊದೆಯೊಳಗೆ ಮಾಯವಾಗುತ್ತವೆ. ಅವರಿಗೆ ಅಷ್ಟು ಹತ್ತಿರದಿಂದ ಹೇಗೆ ಸಿಕ್ಕವು? ಇನ್ನೂ ದೊಡ್ಡ ಲೆನ್ಸ್ ಕೊಳ್ಳಬೇಕಾ? ಸಣ್ಣ ಚಿತ್ರ ಮಾಡಿ ಕಾಡಂಚಿನ ಊರುಗಳಲ್ಲಿ ತೋರಿಸುವ ಆಸೆ ಇದೆ.

ಕಾಡುದಾರಿ:
ಲೆನ್ಸ್ ವಿಷಯ ಆಮೇಲೆ. ಅವರು ವರ್ಷಗಟ್ಟಲೆ ಕೆನ್ನಾಯಿಗಳ ಹಿಂದೆಯೇ ಇದ್ದರು, ಅದಕ್ಕೇ 2010ರಲ್ಲಿ ಇಂಗ್ಲೆಂಡಿನ ಬ್ರಿಸ್ಟಲ್‌ನಲ್ಲಿ ನಡೆಯುವ ವನ್ಯಜೀವಿ ಚಿತ್ರಗಳ ವೈಲ್ಡ್‌ಸ್ಕ್ರೀನ್ ಉತ್ಸವದಲ್ಲಿ ಪಾಂಡಾ ಪ್ರಶಸ್ತಿ ಬಂತು. ನೀವು ಕಾಡಿನ ದಾರಿಗಳು ಕೂಡುವ ಜಾಗ ನೋಡಿ. ಗುಂಪಿನ ನಾಯಿಗಳೆಲ್ಲ ಅಲ್ಲೇ ಹಿಕ್ಕೆ ಹಾಕುತ್ತವೆ, ಒಂದರ ಪಕ್ಕ ಒಂದು, ಒಳಗೆ ಜಿಂಕೆಯ ಕೂದಲು. ಹಿಕ್ಕೆ ಹಸಿ ಇದ್ದರೆ ಗುಂಪು ಹತ್ತಿರದಲ್ಲೇ ಇದೆ ಅಂತ ಲೆಕ್ಕ. ಬೆಳಗಿನ ಜಾವ ಮತ್ತು ಸಂಜೆ ಕಿವಿ ತೆರೆದಿಡಿ, ಚದುರಿದ ನಾಯಿಗಳು ಸಿಳ್ಳೆ ಹಾಕಿ ಒಂದನ್ನೊಂದು ಕರೆಯುತ್ತವೆ. ವನ್ಯಜೀವಿ ವಿಜ್ಞಾನಿ ಎ.ಜೆ.ಟಿ. ಜಾನ್‌ಸಿಂಗ್ 1976ರಿಂದ 78ರವರೆಗೆ ಬಂಡೀಪುರದಲ್ಲೇ ಇವುಗಳ ಅಧ್ಯಯನ ಮಾಡಿದರು, ಅವರು ಬರೆದದ್ದನ್ನು ಮೊದಲು ಓದಿ.

ಗೂಡಿನ ವಿಷಯದಲ್ಲಿ ಮಾತ್ರ ಹುಷಾರು. ಮರಿ ಇರುವ ಕಡೆ ಜನ ಓಡಾಡಿದರೆ ತಾಯಿ ಮರಿಗಳನ್ನು ಬೇರೆಡೆಗೆ ಸಾಗಿಸುತ್ತದೆ. ಅರಣ್ಯ ಇಲಾಖೆಯ ಅನುಮತಿ ಇಲ್ಲದೆ ಚಿತ್ರೀಕರಣಕ್ಕೆ ಇಳಿಯಲೇಬೇಡಿ, ಜಾಗದ ಗುರುತನ್ನು ಎಲ್ಲೂ ಹಾಕಬೇಡಿ.

ಗುಂಡ್ಲುಪೇಟೆಯವ:
ಊರಲ್ಲಿ ತೋರಿಸೋದಾದರೆ ಬೇಟೆಯ ದೃಶ್ಯ ಬಿಟ್ಟುಬಿಡಿ. ಜೀವ ಇರುವಾಗಲೇ ಕಿತ್ತು ತಿನ್ನುತ್ತವೆ ಅಂತ ನಮ್ಮ ಕಡೆ ಜನಕ್ಕೆ ಇವುಗಳ ಮೇಲೆ ಮೊದಲೇ ಸಿಟ್ಟು. ಬ್ರಿಟಿಷರ ಕಾಲದಿಂದ ಕೆನ್ನಾಯಿ ಕೊಂದವರಿಗೆ ಇನಾಮು ಕೊಡುತ್ತಿದ್ದರು. 1972ರ ವನ್ಯಜೀವಿ ಕಾಯ್ದೆ ಬಂದ ಮೇಲೆ ತಾನೇ ರಕ್ಷಣೆ ಸಿಕ್ಕಿದ್ದು?

ಕಾಡುದಾರಿ:
ಒಪ್ಪಲ್ಲ. ಬೇಟೆ ತೋರಿಸಿ, ಆದರೆ ಅಲ್ಲಿಗೇ ನಿಲ್ಲಿಸಬೇಡಿ. ದೊಡ್ಡವು ಪಕ್ಕಕ್ಕೆ ಸರಿದು ಮರಿಗಳಿಗೆ ಮೊದಲು ತಿನ್ನಲು ಬಿಡುತ್ತವೆ. ಗೂಡಿನಲ್ಲಿ ಉಳಿದವಕ್ಕೆ ಹೊಟ್ಟೆಯಲ್ಲಿ ಮಾಂಸ ತುಂಬಿಕೊಂಡು ಹೋಗಿ ಕಕ್ಕಿ ಕೊಡುತ್ತವೆ. ಇದನ್ನು ನೋಡಿದ ಮೇಲೂ ಕ್ರೂರ ಪ್ರಾಣಿ ಅಂತ ಎಷ್ಟು ಜನ ಹೇಳ್ತಾರೆ?

ಹೂವಕ್ಕ:
ಸುಮ್ನೆ ಪರದೆ ಕಟ್ಟಿ ಕಾಡು ಉಳಿಸಿ ಅಂದರೆ ಸೌದೆ ಹೊರೆ ಹೊರುವ ಹೆಂಗಸು ಯಾಕೆ ಕೇಳಬೇಕು? ಕೃಪಾಕರ-ಸೇನಾನಿ ‘ನಮ್ಮ ಸಂಘ’ ಕಟ್ಟಿ ಬಂಡೀಪುರದ ಸುತ್ತಲಿನ ಹಳ್ಳಿಗಳಿಗೆ ಅಡುಗೆ ಗ್ಯಾಸ್ ತಲುಪಿಸಿದರು. ಮನೆಯಲ್ಲಿ ಗ್ಯಾಸ್ ಇದ್ದರೆ ಸೌದೆಗೆ ಅಂತ ಆನೆ ಓಡಾಡುವ ಕಾಡಿಗೆ ಹೋಗುವುದು ತಪ್ಪುತ್ತೆ, ಕಾಡಿಗೂ ಒಳ್ಳೆಯದು ಅಲ್ವಾ. ನಿಮ್ಮ ಚಿತ್ರದಲ್ಲಿ ಒಂದು ಅಡುಗೆಮನೆಯೂ ಇರಲಿ.

ಮೈಸೂರ್‌ಮಳೆ:
ಅಡುಗೆಮನೆ ನನಗೆ ಹೊಳೆದೇ ಇರಲಿಲ್ಲ ಅಕ್ಕ. ಲೆನ್ಸ್ ಸದ್ಯಕ್ಕೆ ಬೇಡ. ಮೊದಲು ಅನುಮತಿಗೆ ಅರ್ಜಿ ಹಾಕ್ತೀನಿ, ಅದು ಬರುವಷ್ಟರಲ್ಲಿ ಜಾನ್‌ಸಿಂಗ್ ಬರೆದದ್ದನ್ನು ಓದಿ ಮುಗಿಸ್ತೀನಿ. ಗುಂಡ್ಲುಪೇಟೆಯವರೇ, ನಿಮ್ಮೂರ ಹಿರಿಯರು ಕ್ಯಾಮೆರಾ ಮುಂದೆ ಆ ಇನಾಮಿನ ಕಾಲದ ಬಗ್ಗೆ ಮಾತಾಡ್ತಾರಾ?