ಅಜ್ಜ ಕೊರಿಯಾಕ್ಕೆ ಹೋಗಿದ್ದರು, ಆ ಫಿಲ್ಮ್ ಎಲ್ಲಿ ಹುಡುಕಲಿ?

ಪ್ರಶ್ನೆ (ನಾಪೋಕ್ಲು): ಅಕ್ಕ, ನಮ್ಮ ಅಜ್ಜ 1953ರಲ್ಲಿ ಭಾರತದ ಪಡೆಯ ಜೊತೆ ಕೊರಿಯಾಕ್ಕೆ ಹೋಗಿದ್ದರು. ಅವರ ಬಗ್ಗೆ ಅರ್ಧ ಗಂಟೆಯ ಸಾಕ್ಷ್ಯಚಿತ್ರ ಮಾಡುತ್ತಿದ್ದೇನೆ. ಕೊಡಗು, ಕೂರ್ಗ್ ಅಂತ ಎಷ್ಟು ಹುಡುಕಿದರೂ ಏನೂ ಸಿಗಲಿಲ್ಲ. ಯೂಟ್ಯೂಬ್‌ನಲ್ಲಿ ಸಿಕ್ಕಿದ್ದನ್ನು ಇಳಿಸಿಕೊಂಡು ಹಾಕಬಹುದಾ?

ಉತ್ತರ: ಮೊದಲು ಹುಡುಕುವ ಪದ ಬದಲಿಸಿ. ಅಲ್ಲಿ ಕ್ಯಾಮೆರಾ ಹಿಡಿದವನಿಗೆ ಯಾರು ಯಾವ ಊರಿನವರು ಅಂತ ಗೊತ್ತಿರಲಿಲ್ಲ, ಅಲ್ವಾ? ಅವನು ಬರೆದಿಡುತ್ತಿದ್ದದ್ದು ಪಡೆಯ ಹೆಸರು, ಜಾಗ, ತಾರೀಖು. ಅಜ್ಜನ ಪಡೆ ಕಸ್ಟೋಡಿಯನ್ ಫೋರ್ಸ್ ಇಂಡಿಯಾ. ತಮ್ಮ ದೇಶಕ್ಕೆ ವಾಪಸ್ ಹೋಗಲು ಒಪ್ಪದ 22 ಸಾವಿರಕ್ಕೂ ಹೆಚ್ಚು ಯುದ್ಧಕೈದಿಗಳನ್ನು ಕಾದವರು ಇವರೇ. ನಮ್ಮ ಜನರಲ್ ತಿಮ್ಮಯ್ಯನವರು ಆ ಕೈದಿಗಳ ವಿಚಾರ ನೋಡಿಕೊಂಡ ತಟಸ್ಥ ರಾಷ್ಟ್ರಗಳ ಆಯೋಗದ ಅಧ್ಯಕ್ಷರು. ಈ ಹೆಸರುಗಳನ್ನೂ ಎರಡು ಕೊರಿಯಾಗಳ ಗಡಿಯಲ್ಲಿರುವ ಪನ್‌ಮುಂಜಾಮ್ ಅನ್ನುವ ಜಾಗದ ಹೆಸರನ್ನೂ ಹಾಕಿ ನೋಡಿ.

ದಕ್ಷಿಣ ಕೊರಿಯಾ ತನ್ನ ನೆಲದ ಮೇಲೆ ನಮ್ಮವರು ಕಾಲಿಡಬಾರದು ಅಂದುಬಿಟ್ಟಿತ್ತು. ಅದಕ್ಕೇ ಅಮೆರಿಕದವರು ನಮ್ಮವರನ್ನು ಹೆಲಿಕಾಪ್ಟರಿನಲ್ಲಿ ಆ ಗಡಿ ಜಾಗಕ್ಕೇ ಕರೆದೊಯ್ದು ಇಳಿಸಿದರು. ಹಾಗಾಗಿ ಅಮೆರಿಕದ ರಾಷ್ಟ್ರೀಯ ದಾಖಲೆ ಭಂಡಾರದಿಂದ ಶುರು ಮಾಡಿ. ಅಲ್ಲಿನ ಸೇನೆ ತೆಗೆದ ಫಿಲ್ಮ್‌ಗಳಿಗೆ ಆ ದೇಶದಲ್ಲಿ ಕಾಪಿರೈಟ್ ಇಲ್ಲ. ಸ್ಕ್ಯಾನ್ ಮಾಡಿಸುವ ಖರ್ಚು ಮಾತ್ರ ನಿಮ್ಮದು. ಸಾಕ್ಷ್ಯಚಿತ್ರ, ವಾರ್ತಾಚಿತ್ರ ತೆಗೆಯಲು ನಮ್ಮ ಸರ್ಕಾರ 1948ರಲ್ಲಿ ಶುರು ಮಾಡಿದ ಫಿಲ್ಮ್ಸ್ ಡಿವಿಷನ್‌ನ ಸಂಗ್ರಹವನ್ನೂ ಬಿಡಬೇಡಿ. ಅದು ಈಗ ಕೇಂದ್ರ ಸರ್ಕಾರದ ಚಲನಚಿತ್ರ ನಿಗಮ ಎನ್‌ಎಫ್‌ಡಿಸಿಗೆ ಸೇರಿದೆ. ಊರಿನ ದೃಶ್ಯ ಬೇಕಿದ್ದರೆ ಮಡಿಕೇರಿಗೆ ಮರ್ಕೆರಾ, ಕುಶಾಲನಗರಕ್ಕೆ ಫ್ರೇಜರ್‌ಪೇಟೆ ಅಂತಲೂ ಹಾಕಿ.

ಯೂಟ್ಯೂಬ್‌ನಿಂದ ಇಳಿಸಿಕೊಂಡು ಹಾಕಬೇಡಿ. ಹಳೆಯ ವಾರ್ತಾಚಿತ್ರಗಳ ಕಂಪನಿ ಬ್ರಿಟಿಷ್ ಪಾಥೆ 2014ರಲ್ಲಿ 85 ಸಾವಿರ ಫಿಲ್ಮ್ ಅಲ್ಲಿ ಹಾಕಿತು. ಅದು ನೋಡಲು ಪುಕ್ಕಟೆ, ಬಳಸಲು ಲೈಸೆನ್ಸ್ ಬೇಕು. ಮೊದಲು ಸ್ಕ್ರೀನರ್, ಅಂದರೆ ಪರದೆಯ ಮೇಲೆ ಟೈಮ್‌ಕೋಡ್ (ಗಂಟೆ, ನಿಮಿಷ, ಸೆಕೆಂಡಿನ ಲೆಕ್ಕ) ಓಡುವ ನೋಡುವ ಪ್ರತಿ ಕೇಳಿ ಎಡಿಟ್ ಮುಗಿಸಿ. ಆಮೇಲೆ ಉಳಿದಷ್ಟೇ ಸೆಕೆಂಡುಗಳಿಗೆ ದುಡ್ಡು ಕೊಡಿ. ಟಿವಿಗೆ ಮಾತ್ರ ಅಂತ ತಗೊಂಡರೆ ಓಟಿಟಿಗೆ ಮತ್ತೆ ಕೊಡಬೇಕಾಗುತ್ತದೆ. ಎಲ್ಲೆಲ್ಲಿ ತೋರಿಸುತ್ತೀರಿ ಅಂತ ಮೊದಲೇ ಹೇಳಿ.

ಇನ್ನೊಂದು ಮಾತು, ಬೇಸರ ಮಾಡಿಕೊಳ್ಳಬೇಡಿ. ಹೆಲಿಕಾಪ್ಟರಿನಿಂದ ಇಳಿಯುವ ಯಾರನ್ನೋ ನೋಡಿ 'ಇವರೇ ಅಜ್ಜ' ಅನ್ನುವ ಆಸೆ ಬಂದೇ ಬರುತ್ತದೆ. ಸೇನೆ ಬಿಟ್ಟಾಗ ಅಜ್ಜನಿಗೆ ಕೊಟ್ಟ ಡಿಸ್ಚಾರ್ಜ್ ಪುಸ್ತಕ ತೆಗೆದು ರೆಜಿಮೆಂಟು, ತಾರೀಖು ತಾಳೆ ನೋಡಿ. ಫಿಲ್ಮ್ ಜೊತೆ ಬರುವ ವಿವರವನ್ನೂ ಸುಮ್ನೆ ನಂಬಬೇಡಿ. ನನಗೆ ಒಮ್ಮೆ ಕಾರ್ಯಪ್ಪನವರು ಅಂತ ಬಂದ ತುಣುಕಿನಲ್ಲಿ ಇದ್ದವರು ತಿಮ್ಮಯ್ಯನವರು. ತೋರಿಸಿದ ಕೂಡಲೇ ಹೇಳಿದ್ದು ಮಡಿಕೇರಿಯ ಒಬ್ಬ ನಿವೃತ್ತ ಸುಬೇದಾರರು. ಖಾತ್ರಿಯಾಗದಿದ್ದರೆ 'ಅಜ್ಜನ ಪಡೆ' ಅಂತ ಹೇಳಿ. ಅದು ನಿಜ, ಅಷ್ಟು ಸಾಕು.

ಪ್ರಶ್ನೆ (ಗೋಣಿಕೊಪ್ಪ): ನಮ್ಮ ಅಟ್ಟದಲ್ಲಿ ಹುತ್ತರಿ ಕೋಲಾಟದ 8 ಎಂಎಂ ರೀಲು ಇದೆ ಅಂತಾರೆ. ಡಬ್ಬಿ ತೆಗೆದರೆ ವಿನೆಗರ್ ವಾಸನೆ. ಹಾಳಾಯ್ತಾ?

ಉತ್ತರ: ಹಾಳಾಗಲು ಶುರುವಾಗಿದೆ, ಇನ್ನೂ ಉಳಿಸಬಹುದು. ಅಸಿಟೇಟ್ ಅನ್ನುವ ಪ್ಲಾಸ್ಟಿಕ್‌ನ ಹಳೆಯ ಫಿಲ್ಮ್ ತೇವಕ್ಕೆ ಹೀಗಾಗುತ್ತದೆ. ನಮ್ಮ ಮಳೆಗಾಲ ಗೊತ್ತಲ್ಲ! ದಯವಿಟ್ಟು ಪ್ರೊಜೆಕ್ಟರಿಗೆ ಹಾಕಬೇಡಿ, ಕುಗ್ಗಿದ ಫಿಲ್ಮ್ ಹರಿದುಹೋಗುತ್ತದೆ. ಬೇರೆ ರೀಲುಗಳಿಂದ ದೂರ, ತಂಪಾದ ಒಣ ಜಾಗದಲ್ಲಿಡಿ. ಬೇಗ ಫ್ರೇಮ್ ಫ್ರೇಮ್ ಆಗಿ ಸ್ಕ್ಯಾನ್ ಮಾಡಿಸಿ. ಡಬ್ಬಿಯ ಮೇಲಿನ ಬರಹದ ಫೋಟೋ ಇವತ್ತೇ ತೆಗೆದಿಡಿ. ಸ್ಕ್ಯಾನ್ ಬಂದ ದಿನ ಮನೆಯ ಹಿರಿಯರನ್ನು ಕೂರಿಸಿ ತೋರಿಸಿ. ಯಾರು ಯಾರು, ಯಾವ ಮಂದ್ (ಕೋಲಾಟ ನಡೆಯುವ ಊರ ಬಯಲು), ಯಾವ ವರ್ಷ ಅಂತ ಅವರು ಹೇಳುತ್ತಾ ಹೋಗಲಿ, ನೀವು ಟೈಮ್‌ಕೋಡ್ ಎದುರು ಬರೆದುಕೊಳ್ಳಿ.