‘ಪತಂಗ’ ಅಂದರೆ ಗಾಳಿಪಟವೋ, ಹುಳವೋ?

ಪ್ರಶ್ನೆ (ಬಾಗಲಕೋಟೆ): ಶಾಲೆಯ ಕೀಟಪೆಟ್ಟಿಗೆಗೆ ಕನ್ನಡದಲ್ಲಿ ಚೀಟಿ ಬರೆಯಬೇಕು. ಚಿಟ್ಟೆಯಂತೆಯೇ ಕಾಣುವ, ಹೆಚ್ಚಾಗಿ ರಾತ್ರಿ ಹಾರುವ ಹುಳಕ್ಕೆ ಇಂಗ್ಲಿಷಿನಲ್ಲಿ ‘ಮಾತ್’ (moth); ಅದಕ್ಕೆ ‘ಪತಂಗ’ ಎಂದರೆ ಈ ಕಡೆ ಹುಡುಗರು ಗಾಳಿಪಟ ಅಂದುಕೊಳ್ಳುತ್ತಾರೆ. ‘ಪಾತರಗಿತ್ತಿ’ ಚಿಟ್ಟೆ, ಮಾತ್ ಎರಡಕ್ಕೂ ನಡೆದೀತೇ? ಒಣಗಿ ಸೆಟೆದ ಹುಳ ಇಡುವ ‘ರಿಲ್ಯಾಕ್ಸಿಂಗ್ ಬಾಕ್ಸ್’ಗೆ ‘ವಿಶ್ರಾಂತಿ ಪೆಟ್ಟಿಗೆ’ ಸರಿಯೇ?

ಉತ್ತರ (ವಿಜಯಪುರ): ನಡೆಯದು ರೀ. ಪಾತರ ಎಂದರೆ ಕುಣಿತ. ಒಕ್ಕಲಗಿತ್ತಿ, ಹೂವಾಡಗಿತ್ತಿಯಲ್ಲಿರುವ ‘ಗಿತ್ತಿ’ಯೇ ಇಲ್ಲಿಯೂ ಇದೆ. ಹಗಲು ಹೂವಿಂದ ಹೂವಿಗೆ ಕುಣಿಯುವ ಚಿಟ್ಟೆಗೇ ಆ ಹೆಸರು ಒಪ್ಪುತ್ತದೆ. ಸಂಸ್ಕೃತದ ‘ಪತಂಗ’ ಹಾರುವುದೆಲ್ಲಕ್ಕೂ ಸಲ್ಲುವ ಪದ, ಹಕ್ಕಿ, ಸೂರ್ಯನಿಗೂ ಕೂಡ. ‘ಪತಂಗದ ಹುಳ’ ಎಂದು ಬಾಲ ಹಚ್ಚಿ, ಗೊಂದಲ ತೀರುತ್ತದೆ. ಗುರುತಿಗೆ ಮೀಸೆ ನೋಡಿ: ತುದಿ ಗುಂಡಗೆ ದಪ್ಪಗಿದ್ದರೆ ಸಾಮಾನ್ಯವಾಗಿ ಚಿಟ್ಟೆ, ದಾರದಂತೆ ಇಲ್ಲವೇ ಗರಿಯಂತೆ ಇದ್ದರೆ ಪತಂಗ.

ಈ ಭೇದ ಬರೀ ಪದದ್ದಲ್ಲ. ದಾಳಿಂಬೆ ಕಾಯಿ ಕೊರೆಯುವ ಹುಳು ಚಿಟ್ಟೆಯ ಮರಿ. ತಾಯಿ ಹಗಲು ಹಾರಿ ಮೊಗ್ಗು, ಎಳೆಗಾಯಿ ಮೇಲೆ ತತ್ತಿ ಇಡುತ್ತದೆ. ಹಣ್ಣಿಗೆ ಸೊಂಡಿಲು ಚುಚ್ಚಿ ರಸ ಹೀರುವುದು ರಾತ್ರಿಯ ಪತಂಗ. ಎರಡಕ್ಕೂ ‘ಚಿಟ್ಟಿ’ ಅಂದುಬಿಟ್ಟರೆ ಬ್ಯಾಟರಿ ಹಿಡಿದು ರಾತ್ರಿಯೆಲ್ಲ ಕೊರಕದ ತಾಯಿಯನ್ನು ಹುಡುಕಬೇಕಾದೀತು.

ಉತ್ತರ (ಬೆಳಗಾವಿ): ಸತ್ತ ಹುಳಕ್ಕೆ ಎಂಥ ವಿಶ್ರಾಂತಿ! ಒಣಗಿ ಸೆಟೆದ ರೆಕ್ಕೆಯ ಬುಡ ಮತ್ತೆ ಮಣಿಯುವಂತೆ ಮಾಡುವ ಕೆಲಸವದು. ಕಟಕ ರೊಟ್ಟಿಗೆ ನೀರು ಚಿಮುಕಿಸಿ, ಬಟ್ಟೆ ಸುತ್ತಿ ‘ಮೆತ್ತಗೆ ಮಾಡ್ತೀವಿ’ ಅನ್ನುವುದಿಲ್ಲವೇ? ‘ಮೆತ್ತಗೆ ಮಾಡುವ ಡಬ್ಬಿ’ ಅನ್ನಿ. ‘ನೆನೆಸುವ’ ಬೇಡ; ನೀರು ರೆಕ್ಕೆಗೆ ತಾಗಲೇಬಾರದು.

ಬಿಗಿ ಮುಚ್ಚಳದ ಡಬ್ಬಿಯ ತಳಕ್ಕೆ ಎರಡು ಸೆಂ.ಮೀ. ಒದ್ದೆ ಉಸುಕು, ಬೂಷ್ಟು ಹಿಡಿಯದಂತೆ ಚಿಟಿಕೆ ಥೈಮಾಲ್, ಮೇಲೊಂದು ಜಾಲರಿ. ಜಾಲರಿ ಮೇಲೆ ಹುಳ. ಮುಚ್ಚಳದ ಒಳಮೈಗೆ ಒತ್ತುಕಾಗದ (ಬ್ಲಾಟಿಂಗ್ ಪೇಪರ್) ಅಂಟಿಸಿ. ಇಲ್ಲವಾದರೆ ಹಬೆ ಹನಿಯಾಗಿ ಬಿದ್ದು ರೆಕ್ಕೆಯ ಮೇಲೆ ಕಲೆ ಕೂರುತ್ತದೆ. ಸಣ್ಣದಕ್ಕೆ ಒಂದು ದಿನ, ದಪ್ಪ ಮೈಯದಕ್ಕೆ ಎರಡು ಮೂರು ದಿನ. ಸೂಜಿಯಿಂದ ರೆಕ್ಕೆಯ ಬುಡ ಮೆಲ್ಲಗೆ ಒತ್ತಿ. ಮಣಿದರೆ ಹದ ಬಂತು, ಮಣಿಯದಿದ್ದರೆ ಮತ್ತೆ ಮುಚ್ಚಿ. ಎಳೆದರೆ ರೆಕ್ಕೆ ಕೈಗೇ ಬರುತ್ತದೆ. ತಿಳಿಹಸಿರು ಪತಂಗಗಳನ್ನು ಈ ಡಬ್ಬಿಗೆ ಹಾಕಬೇಡಿ, ತೇವಕ್ಕೆ ಬಣ್ಣ ಹೋಗುತ್ತದೆ, ಹಸಿಯಿದ್ದಾಗಲೇ ಹರವಬೇಕು.

ಹುಳದ ರೆಕ್ಕೆ ಹರವಿ ಕೂರಿಸುವ ‘ಸೆಟ್ಟಿಂಗ್ ಬೋರ್ಡ್’ಗೆ ‘ಹರವು ಹಲಗೆ’ ಸಾಕು. ಚೀಟಿಯಲ್ಲಿ ಹೆಸರಿಗಿಂತ ಮೊದಲು ಸಿಕ್ಕ ಊರು, ತಾರೀಖು ಬರೆಯಿರಿ. ಹೆಸರನ್ನು ಆಮೇಲೂ ತಿದ್ದಬಹುದು. ಅಂದಹಾಗೆ, 1972ರ ವನ್ಯಜೀವಿ ಕಾಯ್ದೆಯ ಪಟ್ಟಿಯಲ್ಲಿರುವ ಚಿಟ್ಟೆ ಪೆಟ್ಟಿಗೆಯಲ್ಲಿ ಇರಕೂಡದು, ಪಟ್ಟಿ ನೋಡಿಯೇ ಚೀಟಿ ಅಂಟಿಸಿ.