ಸತ್ತ ಮಂಗವನ್ನು ಕಂಡು ಒಂದು ಕರೆ ಮಾಡಿದರೆ ನಿಜಕ್ಕೂ ಏನಾದರೂ ಬದಲಾಗುತ್ತದೆಯೇ?

ಪ್ರಶ್ನೆ: ತೋಟದಮನೆ (ಕೋಣಂದೂರು ಸಮೀಪ)

ಎಲ್ಲರಿಗೂ ನಮಸ್ಕಾರ. ಸಂಕ್ರಾಂತಿ ಕಳೆದ ಮರುವಾರ ನಮ್ಮ ಅಡಿಕೆ ತೋಟದ ಮೇಲ್ಗಡೆ, ಸೊಪ್ಪಿನ ಬೆಟ್ಟಕ್ಕೆ ಹೋಗುವ ಕಾಲುದಾರಿಯ ಪಕ್ಕದಲ್ಲಿ, ಒಂದು ಮುಸಿಯ (ಕಪ್ಪು ಮುಖದ ಮಂಗ) ಸತ್ತು ಬಿದ್ದಿತ್ತು. ಬೆಳಿಗ್ಗೆಯಿಂದ ಆ ದಾರಿಯಲ್ಲಿ ಆರೇಳು ಜನ ಓಡಾಡಿದ್ದರು, ಎಲ್ಲರೂ ಅದನ್ನು ಕಂಡಿದ್ದರು, ಯಾರೂ ಯಾರಿಗೂ ಹೇಳಿರಲಿಲ್ಲ. ಮನುಷ್ಯರಿಗೂ ಜ್ವರ ತರುವ ಮಂಗನ ಕಾಯಿಲೆ ಇರಬಹುದೆಂದು ನಾನು ನಮ್ಮ ಆಶಾ ಕಾರ್ಯಕರ್ತೆಗೆ ಫೋನ್ ಮಾಡಿದೆ. ಮಧ್ಯಾಹ್ನದ ಹೊತ್ತಿಗೆ ಸಿಬ್ಬಂದಿ ಬಂದು ಶವದ ವಿಲೇವಾರಿ ಮಾಡಿ, ಸುತ್ತಲೂ ಪುಡಿ ಎರಚಿ, ಕೆಲವು ದಿನ ಆ ಕಡೆ ದನ ಬಿಡಬೇಡಿ ಎಂದು ಹೇಳಿ ಹೋದರು.

ಆಮೇಲೆ ಊರಿನಲ್ಲಿ ಯಾರಿಗೂ ಜ್ವರ ಬರಲಿಲ್ಲ. ಈಗ ನಮ್ಮ ಚಿಕ್ಕಪ್ಪನವರ ಮಾತು ಹೀಗಿದೆ: "ಏನೂ ಆಗಲಿಲ್ಲವಲ್ಲ, ಸುಮ್ಮನೆ ಊರನ್ನೆಲ್ಲ ಹೆದರಿಸಿದೆ. ಹನುಮಂತನ ರೂಪ ಅದು. ನಾಲ್ಕು ಜನ ಸೇರಿ, ಹೂವು ಏರಿಸಿ, ಕಾಯಿ ಒಡೆದು ಮಣ್ಣು ಮಾಡಿದ್ದರೆ ಆಗುತ್ತಿತ್ತು." ಅವರ ಭಕ್ತಿಯನ್ನು ಹೀಗಳೆಯುವ ಮನಸ್ಸು ನನಗಿಲ್ಲ, ನಾನು ಚಿಕ್ಕವನಿದ್ದಾಗ ಅಂಥ ಮಣ್ಣಿಗೆ ಹೂವು ಹಾಕಿದವನೇ. ಆದರೆ ಆಗದೇ ಹೋದ ಅನಾಹುತವನ್ನು ಎದುರಿಗಿಟ್ಟು ತೋರಿಸುವುದು ಹೇಗೆ? ಮುಂದಿನ ಸಲ ಸತ್ತ ಮಂಗ ಕಂಡವರು ಸುಮ್ಮನೆ ದಾಟಿ ಹೋಗಬಾರದು ಎಂದು ಅವರಿಗೆ ಮನವರಿಕೆ ಮಾಡಿಕೊಡುವುದು ಹೇಗೆ?

ಉತ್ತರ: ನಿವೃತ್ತ ಆರೋಗ್ಯ ಸಹಾಯಕಿ, ಸಾಗರ

ತಾವು ಮಾಡಿದ್ದು ಸರಿಯಾಗಿದೆ. ಚಿಕ್ಕಪ್ಪನವರಿಗೆ ಉಣುಗಿನ (ರಕ್ತ ಹೀರುವ ಸಣ್ಣ ಹುಳುವಿನ) ದಾರಿಯನ್ನು ವಿವರಿಸಿ ನೋಡಿ, ಭಕ್ತಿಯ ವಿಷಯಕ್ಕೆ ಕೈ ಹಾಕಬೇಡಿ.

ಮಂಗನ ಕಾಯಿಲೆಯ ವೈರಾಣು ಇರುವ ಮಂಗ ಸತ್ತಾಗ ಅದರ ಮೈಮೇಲಿದ್ದ ಉಣುಗುಗಳು ಶವವನ್ನು ಬಿಟ್ಟು ಸುತ್ತಲಿನ ತರಗೆಲೆಯೊಳಗೆ ಇಳಿಯುತ್ತವೆ. ಮನುಷ್ಯರಿಗೆ ಹೆಚ್ಚಾಗಿ ಕಚ್ಚುವುದು ಮರಿ ಉಣುಗು. ಎಳ್ಳಿನ ಕಾಳಿನಷ್ಟೇ ಇರುವ ಅದು ಕಾಲಿಗೆ ಹತ್ತಿದ್ದೂ ತಿಳಿಯುವುದಿಲ್ಲ. ಆ ಜಾಗದಲ್ಲಿ ಮೇಯುವ ದನದ ಮೈಗೆ ಹತ್ತಿದರೆ ಕೊಟ್ಟಿಗೆಗೆ ಬರುತ್ತದೆ, ದರಕಿನ (ಒಣಗಿ ಉದುರಿದ ಎಲೆಯ) ಹೊರೆಯಲ್ಲಿ ಸೇರಿದರೆ ಮನೆಯಂಗಳಕ್ಕೇ ಬರುತ್ತದೆ. ಶವದ ಸುತ್ತಲೂ ಉಣುಗನ್ನು ಕೊಲ್ಲುವ ಮೆಲಾಥಿಯಾನ್ ಪುಡಿ ಎರಚುವುದು ಇದಕ್ಕಾಗಿಯೇ. ಈ ಕಾಯಿಲೆ ಮನುಷ್ಯನಿಂದ ಮನುಷ್ಯನಿಗೆ ಹರಡುವುದಿಲ್ಲವಾದ್ದರಿಂದ, ಆ ಒಂದು ಜಾಗದಲ್ಲಿ ದಾರಿ ಕಡಿದರೆ ಎಷ್ಟೋ ಮನೆಗಳಿಗೆ ಅದು ತಲುಪುವುದೇ ಇಲ್ಲ. ಹೂವು ಏರಿಸಲು ನಾಲ್ಕು ಜನ ಬರಿಗಾಲಿನಲ್ಲಿ ಸುತ್ತುವರಿದು ಕುಳಿತರೆ ಏನಾಗಬಹುದು ಎಂಬುದನ್ನು ತಾವೇ ಊಹಿಸಿಕೊಳ್ಳಿ.

ಇನ್ನೊಂದು ಮಾತು. 1957ರಲ್ಲಿ ಸೊರಬ ತಾಲ್ಲೂಕಿನ ಕ್ಯಾಸನೂರು ಕಾಡಿನ ಸುತ್ತಮುತ್ತ ಮಂಗಗಳು ಸಾಯುತ್ತಿವೆ ಎಂಬ ಸುದ್ದಿ ಹೊರಗೆ ಬಂದಾಗ, ಹಳದಿ ಜ್ವರವೇನಾದರೂ ನಮ್ಮ ದೇಶಕ್ಕೆ ಕಾಲಿಟ್ಟಿತೇ ಎಂಬ ಆತಂಕದಿಂದ ಪುಣೆಯ ವೈರಸ್ ಸಂಶೋಧನಾ ಕೇಂದ್ರದವರು ಇಲ್ಲಿಗೆ ಬಂದರು. ಹಾಗೆ ಪತ್ತೆಯಾದದ್ದೇ ಈ ವೈರಾಣು. ಸತ್ತ ಮಂಗವನ್ನು ಕಂಡವರು ಯಾರೋ ಒಬ್ಬರು ಅದನ್ನು ಇನ್ನೊಬ್ಬರಿಗೆ ಹೇಳಿದ್ದರಿಂದಲೇ ಅಷ್ಟೆಲ್ಲ ನಡೆಯಿತು. ಅವರ ಹೆಸರು ಇವತ್ತು ಯಾರಿಗೂ ಗೊತ್ತಿಲ್ಲ. ನನ್ನ ಸೇವಾವಧಿಯ ಉದ್ದಕ್ಕೂ ನಾನು ಅವರನ್ನು ನೆನೆದಿದ್ದೇನೆ.

ಉತ್ತರ: ಹೊಸನಗರದ ಕೃಷಿಕ

ಮೇಡಂ ಹೇಳಿದ್ದನ್ನು ಒಪ್ಪುತ್ತೇನೆ. ಆದರೆ ಜನ ಸುಮ್ಮನಿರುವುದಕ್ಕೂ ಕಾರಣವಿದೆ. ಕೆಲವು ವರ್ಷಗಳ ಹಿಂದೆ ನಾನು ಹೀಗೆಯೇ ತಿಳಿಸಿದಾಗ ಸಂಬಂಧಪಟ್ಟವರು ಬಂದದ್ದು ಮರುದಿನ ಸಂಜೆ, ಅಷ್ಟರೊಳಗೆ ನಾಯಿಗಳು ಶವವನ್ನು ಎಳೆದಾಡಿದ್ದವು. ಒಮ್ಮೆ ಹೀಗಾದರೆ ಎರಡನೆಯ ಸಲ ಫೋನ್ ತೆಗೆಯಲು ಮನಸ್ಸಾಗುವುದಿಲ್ಲ.

ಆ ದಿನ ನನಗೆ ತೋಚಿದ್ದು ಇಷ್ಟೇ. ದಾರಿಯ ಎರಡೂ ಕಡೆ ದೂರದಲ್ಲಿಯೇ ಮುಳ್ಳಿನ ಕೊಂಬೆ ಕಡಿದು ಅಡ್ಡ ಹಾಕಿದೆ, ಸಂಜೆ ಡೇರಿಯಲ್ಲಿ ಹಾಲು ಅಳೆಯುವ ಹುಡುಗನಿಗೆ ವಿಷಯ ತಿಳಿಸಿದೆ. ಅವನು ಪ್ರತಿ ಕ್ಯಾನಿನ ಹಾಲು ಅಳೆಯುವಾಗಲೂ "ಮೇಲಿನ ಹಕ್ಕಲಿಗೆ ನಾಳೆ ದನ ಹೊಡೆಯಬೇಡಿ" ಎಂದು ಒಂದೇ ಸಾಲು ಹೇಳುತ್ತ ಹೋದ. ಕತ್ತಲಾಗುವ ಮೊದಲು ಮೂವತ್ತಕ್ಕೂ ಹೆಚ್ಚು ಮನೆಗಳಿಗೆ ಸುದ್ದಿ ಮುಟ್ಟಿತ್ತು. ಯಾವ ಕರಪತ್ರವೂ ಅಷ್ಟು ಬೇಗ ಮುಟ್ಟುವುದಿಲ್ಲ ಎಂಬುದು ನನ್ನ ಅನುಭವ.

ಉತ್ತರ: ಮಲೆನಾಡ ಮಗಳು (ಈಗ ಶಿವಮೊಗ್ಗ)

ಅಣ್ಣಾ, ಆಗದೇ ಹೋದದ್ದನ್ನು ತೋರಿಸುವುದು ಹೇಗೆ ಎಂದು ಕೇಳಿದ್ದೀರಿ. ಆಗಿ ಹೋದದ್ದನ್ನು ನಾನು ಹೇಳುತ್ತೇನೆ.

ನನ್ನ ಅಮ್ಮ ಪ್ರತಿ ಬೇಸಿಗೆಯಲ್ಲಿ ದರಕು ಗುಡಿಸುವ ಕೂಲಿಗೆ ಹೋಗುತ್ತಿದ್ದರು. ಒಂದು ಮಧ್ಯಾಹ್ನ ಕೆಲಸದ ನಡುವೆ ಗುಡ್ಡೆ ಹಾಕಿದ ದರಕಿನ ಮೇಲೆಯೇ ಕುಳಿತು ಬುತ್ತಿ ಉಂಡು, ಎಲೆ ಅಡಿಕೆ ಹಾಕಿಕೊಂಡು ಅರ್ಧ ಗಂಟೆ ದಣಿವಾರಿಸಿಕೊಂಡಿದ್ದರು. ಐದನೆಯ ದಿನಕ್ಕೆ ಜ್ವರ ಬಂತು. ಕಣ್ಣು ಕೆಂಪಾಗಿ, ತಲೆ ಸಿಡಿಯುತ್ತಿದೆ ಎಂದು ಹಣೆಗೆ ಸೆರಗು ಬಿಗಿದುಕೊಂಡು ಗೋಡೆಗೆ ಒರಗಿದ್ದ ಅವರ ಚಿತ್ರ ಇವತ್ತಿಗೂ ನನ್ನ ಕಣ್ಣಿನಿಂದ ಹೋಗಿಲ್ಲ. ಮೊದಲು ತೋರಿಸಿದಲ್ಲಿ ಸಾಮಾನ್ಯ ಜ್ವರವೆಂದು ಮಾತ್ರೆ ಕೊಟ್ಟು ಕಳುಹಿಸಿದರು. ರಕ್ತ ಪರೀಕ್ಷೆಯಾಗುವಷ್ಟರಲ್ಲಿ ತಡವಾಗಿತ್ತು. ಈ ಕಾಯಿಲೆ ತಗಲಿದ 100 ಜನರಲ್ಲಿ 3ರಿಂದ 5 ಜನ ತೀರಿಕೊಳ್ಳುತ್ತಾರೆ ಎನ್ನುತ್ತಾರೆ. ಆ ಲೆಕ್ಕದೊಳಗೆ ನನ್ನ ಅಮ್ಮನೂ ಸೇರಿಹೋದರು.

ಹದಿಮೂರನೆಯ ದಿನದ ಕಾರ್ಯಕ್ಕೆ ಬಂದಿದ್ದ ಪರಿಚಿತರೊಬ್ಬರು, ಅಮ್ಮ ಗುಡಿಸಿದ ಜಾಗದಲ್ಲೇ ಅದಕ್ಕೂ ನಾಲ್ಕು ದಿನ ಮೊದಲು ತಾವು ಸತ್ತ ಮಂಗವನ್ನು ಕಂಡಿದ್ದಾಗಿ ಅಳುತ್ತ ಹೇಳಿದರು. ಅವರು ಮಗಳ ಮದುವೆಯ ಕರೆಯೋಲೆ ಹಂಚಲು ಹೊರಟಿದ್ದರು, ಅವಸರದಲ್ಲಿದ್ದರು, ಆಮೇಲೆ ಮರೆತರು. ಅವರು ಕೆಟ್ಟವರಲ್ಲ, ನಮ್ಮ ಕಷ್ಟಕಾಲಕ್ಕೆ ಅಕ್ಕಿ ಕೊಟ್ಟವರು. ಅವರ ಮೇಲೆ ನನಗೆ ಸಿಟ್ಟಿಲ್ಲ, ಆದರೆ ಆ ನಾಲ್ಕು ದಿನಗಳನ್ನು ಎಣಿಸುವುದನ್ನು ಬಿಡಲು ನನ್ನಿಂದ ಆಗಿಲ್ಲ.

ನಿಮ್ಮ ಊರಿನಲ್ಲಿ ಈ ಸಲ ದರಕು ಗುಡಿಸಿ, ಮನೆಗೆ ಬಂದು, ಒಲೆ ಹಚ್ಚಿ, ಮಕ್ಕಳಿಗೆ ಅನ್ನ ಬಡಿಸಿದ ಹೆಂಗಸರು ಎಷ್ಟು ಜನ ಇದ್ದಾರೆ ಎಂದು ಚಿಕ್ಕಪ್ಪನವರನ್ನು ದಯವಿಟ್ಟು ಕೇಳಿ.

ಪ್ರಶ್ನೆ ಕೇಳಿದವರು: ತೋಟದಮನೆ

ತಂಗಿ, ನಿಮ್ಮ ಬರಹವನ್ನು ರಾತ್ರಿ ಊಟದ ನಂತರ ಜಗಲಿಯಲ್ಲಿ ಕುಳಿತು ಚಿಕ್ಕಪ್ಪನವರಿಗೆ ಓದಿ ಹೇಳಿದೆ. ಅವರು ಬಹಳ ಹೊತ್ತು ಮಾತನಾಡಲಿಲ್ಲ. ಆಮೇಲೆ ಒಳಗೆ ಹೋಗಿ, ಗೋಡೆಯ ಕ್ಯಾಲೆಂಡರಿನ ಮೇಲೆ ಆಶಾ ಕಾರ್ಯಕರ್ತೆಯ ನಂಬರನ್ನು ದೊಡ್ಡ ಅಕ್ಷರದಲ್ಲಿ ಬರೆಯುವಂತೆ ಹೇಳಿದರು. ಪುಡಿ ಎರಚಿ ಎಲ್ಲ ಮುಗಿದ ಮೇಲೆ ದೂರದಿಂದಲೇ ಒಂದು ಹೂವು ಹಾಕುವುದಕ್ಕೆ ಅಡ್ಡಿಯಿಲ್ಲವಲ್ಲ ಎಂದು ಕೇಳಿದರು. ಅಡ್ಡಿಯಿಲ್ಲ, ಮನೆಯ ದೇವರ ಮುಂದೆಯೇ ಇಟ್ಟರೆ ಇನ್ನೂ ಒಳ್ಳೆಯದು ಎಂದೆ.

ಸೋಮವಾರದಿಂದ ನಮ್ಮಲ್ಲಿ ದರಕು ಗುಡಿಸಲು ಆರು ಜನ ಹೆಂಗಸರು ಬರುವವರಿದ್ದಾರೆ. ಮಂಗ ಸತ್ತ ದಿಕ್ಕಿನ ಬೆಟ್ಟವನ್ನು ಈ ವರ್ಷ ಹಾಗೆಯೇ ಬಿಡುತ್ತೇವೆ. ಉಣುಗು ಹತ್ತದಂತೆ ಕೈಕಾಲಿಗೆ ಹಚ್ಚಿಕೊಳ್ಳುವ ಡೆಪಾ ಎಣ್ಣೆ ತರಲು ನಾಳೆಯೇ ಆರೋಗ್ಯ ಕೇಂದ್ರಕ್ಕೆ ಹೋಗುತ್ತೇನೆ, ಊಟಕ್ಕೆ ಅವರು ನಮ್ಮ ಅಂಗಳಕ್ಕೇ ಬರಲಿ ಎಂದು ಅತ್ತಿಗೆ ಹೇಳಿದ್ದಾರೆ. ಸಂಜೆ ಅವರು ಮನೆಗೆ ಹೋಗುವ ಮೊದಲು ಕೈಕಾಲು ತೊಳೆದುಕೊಳ್ಳಲು ಬಚ್ಚಲ ಹಂಡೆಯಲ್ಲಿ ಬಿಸಿನೀರು ಕಾಯಿಸಿಡುತ್ತೇವೆ. ಇದರ ಜೊತೆಗೆ ಇನ್ನೇನಾದರೂ ಬೇಕಿದ್ದರೆ ಸಾಗರದ ಮೇಡಂ ದಯವಿಟ್ಟು ಭಾನುವಾರದೊಳಗೆ ತಿಳಿಸಬೇಕು.